ಬಾಡಿಗೆ ಲೆಕ್ಕಕ್ಕೆ ಎರಡು ಸಮೀಕರಣ ಸಾಕು

ಟ್ರ್ಯಾಕ್ಟರ್ ಆಗಲಿ, ಟೆಂಪೊ ಟ್ರಾವೆಲರ್ ಆಗಲಿ, ಮನೆಯಾಗಲಿ, ಬಾಡಿಗೆಗೆ ಹಿಡಿಯುವವರು ನನ್ನನ್ನು ಕೇಳುವುದು ಒಂದೇ ಪ್ರಶ್ನೆ: "ಮೇಡಂ, ಎರಡರಲ್ಲಿ ಯಾವುದು ಅಗ್ಗ?" ಹೀಗೆ ಕೇಳಿದರೆ ಉತ್ತರ ಹೇಳಲಾಗದು. ಎಷ್ಟು ಗಂಟೆಗೆ, ಎಷ್ಟು ಕಿಲೋಮೀಟರಿಗೆ, ಎಷ್ಟು ತಿಂಗಳಿಗೆ ಎಂಬುದು ಜೊತೆಗೂಡಿದ ಮೇಲಷ್ಟೇ ಉತ್ತರ ಹುಟ್ಟುತ್ತದೆ. "ಎಷ್ಟರವರೆಗೆ ಇದು ಅಗ್ಗ, ಎಲ್ಲಿಂದ ಮುಂದೆ ಅದು ಅಗ್ಗ?" ಎಂದು ಕೇಳಿ. ಅದಕ್ಕೆ ಖಚಿತವಾದ ಉತ್ತರವಿದೆ, ಅದನ್ನು ಕಂಡುಹಿಡಿಯುವ ದಾರಿಯನ್ನು ಹತ್ತನೇ ತರಗತಿ ಮುಗಿಸಿದ ಪ್ರತಿಯೊಬ್ಬರೂ ಒಮ್ಮೆ ಕಲಿತಿರುತ್ತಾರೆ.

ನಾನು ಮಂಡ್ಯದ ಪ್ರೌಢಶಾಲೆಯೊಂದರಲ್ಲಿ ಗಣಿತ ಹೇಳಿಕೊಡುತ್ತೇನೆ. ಎರಡು ಚರಾಕ್ಷರಗಳಿರುವ ರೇಖಾತ್ಮಕ ಸಮೀಕರಣಗಳ ಜೋಡಿ ಎಂಬ ಅಧ್ಯಾಯವನ್ನು ಮಕ್ಕಳು ಪರೀಕ್ಷೆಗೆಂದು ಬರೆದು ಮರೆತುಬಿಡುತ್ತಾರೆ. ಅದೇ ಮಕ್ಕಳ ಅಪ್ಪ ಅಮ್ಮ ಯಾರದೋ ಬಾಯಿಮಾತಿನ ದರವನ್ನು ನಂಬಿ ದುಡ್ಡು ತೆತ್ತು ಬರುತ್ತಾರೆ. ಮಗುವಿನ ಪುಸ್ತಕದಲ್ಲಿರುವುದು ಮನೆಯವರ ಕೈಗೆ ಎಟುಕಲಿಲ್ಲವಲ್ಲ ಎಂದು ನನಗೆ ನಿಜವಾಗಿ ಸಂಕಟವಾಗುತ್ತದೆ. ಅದಕ್ಕೇ ಇಷ್ಟು ವಿವರವಾಗಿ ಬರೆಯುತ್ತಿದ್ದೇನೆ.

ಮೊದಲು ಒಂದು ಮಾತು ಮನಸ್ಸಿನಲ್ಲಿ ಗಟ್ಟಿಯಾಗಲಿ. ಯಾವ ಬಾಡಿಗೆಯಲ್ಲಾದರೂ ಎರಡು ಬಗೆಯ ಹಣ ಇರುತ್ತದೆ. ನೀವು ಎಷ್ಟು ಬಳಸಿದರೂ ಬದಲಾಗದ್ದು ಒಂದು, ಬಳಸಿದಷ್ಟೂ ಏರುತ್ತ ಹೋಗುವುದು ಇನ್ನೊಂದು. ತರಗತಿಯಲ್ಲಿ ನಾನು ಮೊದಲನೆಯದನ್ನು ಸ್ಥಿರ ಹಣ, ಎರಡನೆಯದನ್ನು ಬೆಳೆಯುವ ಹಣ ಎನ್ನುತ್ತೇನೆ. ಬಾಡಿಗೆಗೆ ಕೊಡುವವರು ಈ ಎರಡನ್ನೂ ಕಲಸಿ ಒಂದೇ ಮೊತ್ತವಾಗಿ ಹೇಳುತ್ತಾರೆ. ಅದನ್ನು ಬಿಡಿಸಿ ಎರಡು ಭಾಗ ಮಾಡಿಕೊಂಡರೆ ಅರ್ಧ ಕೆಲಸ ಮುಗಿದಂತೆ.

ಕೆರಗೋಡಿನ ಕಡೆ ನನ್ನ ತಮ್ಮನಿಗೆ ಎರಡು ಎಕರೆ ಗದ್ದೆ ಇದೆ. ನಾಲೆಗೆ ನೀರು ಬಿಟ್ಟ ವಾರ ಎಲ್ಲರಿಗೂ ಒಟ್ಟಿಗೇ ಟ್ರ್ಯಾಕ್ಟರ್ ಬೇಕು, ಆಗ ಚೌಕಾಸಿ ನಡೆಯುವುದಿಲ್ಲ. ಊರಿನವರೇ ಒಬ್ಬರು ರೋಟವೇಟರ್‌ಗೆ ಗಂಟೆಗೆ 1,100 ರೂಪಾಯಿ ಹೇಳಿದರು. ಡೀಸೆಲ್, ಚಾಲಕ ಎಲ್ಲ ಅದರಲ್ಲೇ. ದೂರದ ಊರಿನ ಇನ್ನೊಬ್ಬರು ಗಂಟೆಗೆ 800 ಸಾಕು, ಆದರೆ ಗಾಡಿ ಬಂದು ಹೋಗುವುದಕ್ಕೆ 900 ಕೊಡಬೇಕು ಎಂದರು. ತಮ್ಮ 800 ಎಂಬ ಸಂಖ್ಯೆಯನ್ನೇ ಹಿಡಿದುಕೊಂಡು, "ಅಕ್ಕ, ಗಂಟೆಗೆ ಮುನ್ನೂರು ಉಳಿಯುತ್ತದೆ" ಎಂದು ಫೋನ್ ಮಾಡಿದ.

ಗಂಟೆಗೆ ಗ ಎಂದೂ ಒಟ್ಟು ಖರ್ಚಿಗೆ ಖ ಎಂದೂ ಬರೆಯೋಣ. ಶಾಲೆಯ ಎಕ್ಸ್, ವೈ ಇಷ್ಟವಿದ್ದವರು ಅವನ್ನೇ ಬರೆದುಕೊಳ್ಳಿ, ಏನೂ ವ್ಯತ್ಯಾಸವಿಲ್ಲ.

ಊರಿನ ಗಾಡಿ: ಖ = 1,100 ಗ
ದೂರದ ಗಾಡಿ: ಖ = 800 ಗ + 900

ಎರಡೂ ಖರ್ಚು ಒಂದೇ ಆಗುವ ಜಾಗ ನಮಗೆ ಬೇಕು. ಹಾಗಾಗಿ ಬಲಗಡೆಯವನ್ನು ಸಮ ಮಾಡಿ: 1,100 ಗ = 800 ಗ + 900. ಅಂದರೆ 300 ಗ = 900, ಗ = 3. ಮೂರು ಗಂಟೆಗೆ ಇಬ್ಬರಿಗೂ 3,300 ರೂಪಾಯಿ. ಇದು ಆದೇಶ ವಿಧಾನ. ಇದರ ಹಿಂದಿನ ಅರ್ಥ ಇನ್ನೂ ಸರಳ: ದೂರದ ಗಾಡಿಗೆ ಮೊದಲೇ 900 ಹೆಚ್ಚು ತೆತ್ತಿರುತ್ತೀರಿ. ಗಂಟೆಗೆ 300ರಂತೆ ಅದು ಹಿಂದಕ್ಕೆ ಬರಲು ಮೂರು ಗಂಟೆ ಬೇಕು. ಸ್ಥಿರ ಹಣಗಳ ವ್ಯತ್ಯಾಸವನ್ನು ದರಗಳ ವ್ಯತ್ಯಾಸದಿಂದ ಭಾಗಿಸಿದರೆ ಸಮವಾಗುವ ಬಿಂದು ಸಿಗುತ್ತದೆ. ಬಾಯಿಲೆಕ್ಕ ಬಲ್ಲವರಿಗೆ ಇಷ್ಟೇ ಸಾಕು.

ಗಂಟೆಯಲ್ಲಿ ಬಂದ ಉತ್ತರವನ್ನು ಗದ್ದೆಯ ಅಳತೆಗೆ ತಿರುಗಿಸದಿದ್ದರೆ ಪ್ರಯೋಜನವಿಲ್ಲ. ತಮ್ಮನ ಗದ್ದೆಯಲ್ಲಿ ಎಕರೆಗೆ ಒಂದೂಕಾಲು ಗಂಟೆ ಹಿಡಿಯುತ್ತದೆ. ಮೂರು ಗಂಟೆಯನ್ನು ಒಂದೂಕಾಲರಿಂದ ಭಾಗಿಸಿದರೆ 2.4 ಎಕರೆ, ಅಂದರೆ ಎರಡು ಎಕರೆ ಹದಿನಾರು ಗುಂಟೆ. ಅವನದು ಎರಡೇ ಎಕರೆ, ಎರಡೂವರೆ ಗಂಟೆಯ ಕೆಲಸ. ಊರಿನ ಗಾಡಿಗೆ 2,750, ದೂರದ ಗಾಡಿಗೆ 2,900. ಅವನು ಅಗ್ಗವೆಂದುಕೊಂಡದ್ದು ಅವನ ಪಾಲಿಗೆ ದುಬಾರಿ.

ಆದರೆ ಇನ್ನು ಹದಿನಾರು ಗುಂಟೆಗಿಂತ ಹೆಚ್ಚು ಸೇರಿದರೆ ತಕ್ಕಡಿ ಆಚೆಗೆ ವಾಲುತ್ತದೆ ಎಂಬುದನ್ನೂ ಅದೇ ಲೆಕ್ಕ ತೋರಿಸಿತು. ಬದುವಿನ ಆಚೆ ಪಕ್ಕದವರ ಒಂದು ಎಕರೆ ಇದೆ. ಇಬ್ಬರೂ ಸೇರಿದರೆ ಮೂರು ಎಕರೆ, ಮೂರೂಮುಕ್ಕಾಲು ಗಂಟೆ. ಊರಿನ ಗಾಡಿಗೆ 4,125, ದೂರದ ಗಾಡಿಗೆ 3,900. ಬಂದು ಹೋಗುವ 900ನ್ನು ಎಕರೆ ಲೆಕ್ಕದಲ್ಲಿ 600 ಮತ್ತು 300 ಎಂದು ಹಂಚಿದರೆ ತಮ್ಮನಿಗೆ 2,600, ಪಕ್ಕದವರಿಗೆ 1,300. ಬೇರೆ ಬೇರೆಯಾಗಿ ಊರಿನ ಗಾಡಿ ಕರೆಸಿದ್ದರೆ 2,750 ಮತ್ತು 1,375 ಆಗುತ್ತಿತ್ತು. ಇಬ್ಬರಿಗೂ ಲಾಭ. ನನ್ನ ಮಟ್ಟಿಗೆ ಈ ಲೆಕ್ಕದ ದೊಡ್ಡ ಉಪಯೋಗ ಇದೇ. ಇಬ್ಬರಲ್ಲಿ ಒಬ್ಬರನ್ನು ಆರಿಸುವುದಷ್ಟೇ ಅಲ್ಲ, ಯಾರೊಂದಿಗೆ ಸೇರಿದರೆ ಬಿಂದುವನ್ನು ದಾಟಬಹುದು ಎಂಬುದೂ ಕಾಣುತ್ತದೆ. ರೈತರಿಗೆ ಯಂತ್ರ ಬಾಡಿಗೆಗೆ ಕೊಡುವ ಸರ್ಕಾರದ ಕೃಷಿ ಯಂತ್ರಧಾರೆ ಕೇಂದ್ರದ ದರ ಕೇಳಿ ಬಂದವರೂ ಹೀಗೆಯೇ ಮೂರನೆಯ ಸಮೀಕರಣವಾಗಿ ಅದನ್ನು ಸೇರಿಸಿಕೊಳ್ಳಬಹುದು. ಯಾರಾದರೂ ಎಕರೆಗೆ ಇಷ್ಟು ಎಂದು ದರ ಹೇಳಿದರೆ ಮೊದಲು ಗಂಟೆಗೆ ತಿರುಗಿಸಿಕೊಳ್ಳಿ, ಅಥವಾ ಎಲ್ಲವನ್ನೂ ಎಕರೆಗೆ ತನ್ನಿ. ಎರಡು ಸಮೀಕರಣಗಳಲ್ಲೂ ಅಳತೆ ಒಂದೇ ಇರಬೇಕು.

ಮನೆಯವರಿಗೆ ತೋರಿಸಲು ನಕ್ಷೆ ಒಳ್ಳೆಯದು. ಮಕ್ಕಳ ಗ್ರಾಫ್ ಪುಸ್ತಕದ ಒಂದು ಹಾಳೆ ಸಾಕು. ಅಡ್ಡಕ್ಕೆ ಗಂಟೆ, ಉದ್ದಕ್ಕೆ ರೂಪಾಯಿ. ಒಂದು ಗೆರೆಗೆ ಎರಡು ಬಿಂದು: ಸೊನ್ನೆ ಗಂಟೆಗೆ ಎಷ್ಟು, ಐದು ಗಂಟೆಗೆ ಎಷ್ಟು. ಊರಿನ ಗಾಡಿಗೆ 0 ಮತ್ತು 5,500, ದೂರದ ಗಾಡಿಗೆ 900 ಮತ್ತು 4,900. ಗೆರೆಗಳು ದಾಟುವ ಜಾಗದಲ್ಲಿ ಬೆರಳಿಡಿ. ಎಡಗಡೆ ಯಾವ ಗೆರೆ ಕೆಳಗಿದೆಯೋ ಕಡಿಮೆ ಕೆಲಸಕ್ಕೆ ಅದು, ಬಲಗಡೆ ಕೆಳಗಿರುವುದು ಹೆಚ್ಚು ಕೆಲಸಕ್ಕೆ. ಸಮೀಕರಣ ಬಾರದ ನನ್ನ ತಾಯಿಗೂ ಈ ಚಿತ್ರ ಅರ್ಥವಾಗುತ್ತದೆ.

ಕೆಲವೊಮ್ಮೆ ದರವನ್ನೇ ಹೇಳುವುದಿಲ್ಲ. ಶಾಮಿಯಾನದವರು ಚೀಟಿಯ ಕೊನೆಗೆ ಒಟ್ಟು ಮೊತ್ತ ಮಾತ್ರ ಬರೆದುಕೊಡುತ್ತಾರೆ. ಆಗ ಹಳೆಯ ಚೀಟಿಗಳು ಕೆಲಸಕ್ಕೆ ಬರುತ್ತವೆ. ನಮ್ಮ ಬೀದಿಯ ಒಂದು ಮನೆಯ ಗೃಹಪ್ರವೇಶಕ್ಕೆ 150 ಕುರ್ಚಿ, 12 ಮೇಜು, ಒಟ್ಟು 1,920. ಅದೇ ಅಂಗಡಿಯಿಂದ ಇನ್ನೊಂದು ಮನೆಯ ನಾಮಕರಣಕ್ಕೆ 200 ಕುರ್ಚಿ, 10 ಮೇಜು, ಒಟ್ಟು 2,200. ಕುರ್ಚಿಯ ದರ ಕ, ಮೇಜಿನ ದರ ಮ ಎನ್ನಿ:

150 ಕ + 12 ಮ = 1,920
200 ಕ + 10 ಮ = 2,200

ಮೊದಲನೆಯದನ್ನು 6ರಿಂದ, ಎರಡನೆಯದನ್ನು 10ರಿಂದ ಭಾಗಿಸಿದರೆ 25 ಕ + 2 ಮ = 320 ಮತ್ತು 20 ಕ + ಮ = 220. ಎರಡನೆಯದನ್ನು ಎರಡರಿಂದ ಗುಣಿಸಿ, ಬಂದದ್ದರಿಂದ ಮೊದಲನೆಯದನ್ನು ಕಳೆಯಿರಿ. ಮೇಜು ಮಾಯವಾಗಿ 15 ಕ = 120 ಉಳಿಯುತ್ತದೆ. ಕುರ್ಚಿಗೆ 8 ರೂಪಾಯಿ, ಮೇಜಿಗೆ 60. ಇದು ವರ್ಜಿಸುವ ವಿಧಾನ. ಈಗ ಬೇರೆ ಅಂಗಡಿಯವರ ದರದೊಂದಿಗೆ ಹೋಲಿಸಲು ನಿಮ್ಮ ಕೈಯಲ್ಲಿ ನಿಜವಾದ ಸಂಖ್ಯೆ ಇದೆ. ಒಂದು ಎಚ್ಚರಿಕೆ: ಒಂದು ಚೀಟಿಯಲ್ಲಿ 100 ಕುರ್ಚಿ 10 ಮೇಜು, ಇನ್ನೊಂದರಲ್ಲಿ 200 ಕುರ್ಚಿ 20 ಮೇಜು ಇದ್ದರೆ ಎರಡನೆಯ ಚೀಟಿ ಹೊಸದೇನನ್ನೂ ಹೇಳುವುದಿಲ್ಲ. ಎರಡು ಗೆರೆಗಳೂ ಒಂದರ ಮೇಲೊಂದು ಕುಳಿತುಬಿಡುತ್ತವೆ, ಪರಿಹಾರಗಳು ಲೆಕ್ಕವಿಲ್ಲದಷ್ಟಾಗುತ್ತವೆ. ಸಾಗಿಸುವ ಆಟೊ ಬಾಡಿಗೆಯೂ ಮೊತ್ತದಲ್ಲಿ ಅಡಗಿದ್ದರೆ ತಿಳಿಯದ ಸಂಖ್ಯೆ ಮೂರಾಗುತ್ತದೆ, ಮೂರು ಚೀಟಿ ಬೇಕಾಗುತ್ತದೆ.

ವಾಹನದ ಬಾಡಿಗೆಯಲ್ಲಿ ಬೇರೊಂದು ಸಿಕ್ಕು ಇದೆ. ಅಶೋಕ ನಗರದ ನಮ್ಮ ಪರಿಚಯದವರು ಹೆಣ್ಣಿನ ನಿಶ್ಚಿತಾರ್ಥಕ್ಕೆ ನಂಜನಗೂಡಿಗೆ ಟೆಂಪೊ ಟ್ರಾವೆಲರ್ ಹಿಡಿಯಬೇಕಿತ್ತು. ಒಬ್ಬರು ಕಿಲೋಮೀಟರಿಗೆ 24 ರೂಪಾಯಿ, ಡ್ರೈವರ್ ಬಾಟಾ 500 ಎಂದರು. ಮತ್ತೊಬ್ಬರು ಇಡೀ ದಿನಕ್ಕೆ 120 ಕಿಲೋಮೀಟರ್‌ವರೆಗೆ 5,500, ಅದರ ಮೇಲೆ ಕಿಲೋಮೀಟರಿಗೆ 22 ಎಂದರು. ಓಡಿದ ಕಿಲೋಮೀಟರಿಗೆ ಕಿ ಎಂದು ಬರೆದು ಎರಡನೆಯದನ್ನು ಬಿಡಿಸಿದರೆ 5,500 + 22 (ಕಿ − 120), ಅಂದರೆ 22 ಕಿ + 2,860. ಮೊದಲನೆಯದು 24 ಕಿ + 500. ಸಮ ಮಾಡಿದರೆ 2 ಕಿ = 2,360, ಕಿ = 1,180. ಅಷ್ಟು ದೂರ ಯಾರು ಹೋಗುತ್ತಾರೆ, ಮೊದಲನೆಯದೇ ಅಗ್ಗ ಎಂದು ತೀರ್ಮಾನಿಸಲು ಇಷ್ಟೇ ಸಾಕಲ್ಲವೇ?

ಸಾಲದು. ಕಿಲೋಮೀಟರ್ ಲೆಕ್ಕದಲ್ಲಿ ಹೊರ ಊರಿಗೆ ಗಾಡಿ ಕಳಿಸುವವರು ದಿನಕ್ಕೆ ಕನಿಷ್ಠ ಇಷ್ಟು ಕಿಲೋಮೀಟರ್ ಎಂದು ಕಟ್ಟುತ್ತಾರೆ. ಇವರದು 300. ನೀವು 140 ಓಡಿದರೂ 300ಕ್ಕೆ ಹಣ ಕೊಡಬೇಕು. ಹಾಗಾಗಿ ಮೊದಲನೆಯ ಗೆರೆ ಸೊನ್ನೆಯಿಂದ 300ರವರೆಗೆ ಏರುವುದೇ ಇಲ್ಲ, 7,200 ಮತ್ತು ಬಾಟಾ ಸೇರಿ 7,700ರಲ್ಲಿ ನೆಟ್ಟಗೆ ಮಲಗಿರುತ್ತದೆ. ಎರಡನೆಯ ಗೆರೆ ಅದನ್ನು ಮುಟ್ಟುವುದು 22 ಕಿ + 2,860 = 7,700 ಆದಾಗ, ಅಂದರೆ 220 ಕಿಲೋಮೀಟರಿನಲ್ಲಿ. ಮಂಡ್ಯದಿಂದ ಮೈಸೂರು ದಾಟಿ ನಂಜನಗೂಡಿಗೆ ಹೋಗಿ ಬರಲು ಸುಮಾರು 140. ಚಾಮುಂಡಿ ಬೆಟ್ಟ ಹತ್ತಿ ಇಳಿದು ಬಂದರೂ 220 ಆಗುವುದಿಲ್ಲ. ದಿನದ ಲೆಕ್ಕದವರಿಗೆ 140 ಕಿಲೋಮೀಟರಿಗೆ 5,940, ಕಿಲೋಮೀಟರ್ ಲೆಕ್ಕದವರಿಗೆ 7,700. ಅದೇ ಕುಟುಂಬ ತಲಕಾವೇರಿಗೆ ಹೊರಟಿದ್ದರೆ ಹೋಗಿ ಬರಲು 420ರ ಸುಮಾರು, ಆಗ 12,100 ಮತ್ತು 10,580. ಮಾತು ಪೂರ್ತಿ ತಿರುಗುತ್ತದೆ.

ಆದ್ದರಿಂದ ಸಮೀಕರಣ ಬರೆಯುವ ಮೊದಲು ಫೋನಿನಲ್ಲೇ ಕೇಳಿ: ಕನಿಷ್ಠ ಎಷ್ಟು ಕಿಲೋಮೀಟರ್? ಮೀಟರ್ ಎಣಿಕೆ ನಿಮ್ಮ ಮನೆಯಿಂದಲೋ ಅವರ ಗ್ಯಾರೇಜಿನಿಂದಲೋ? ದಿನದ ಲೆಕ್ಕಕ್ಕೆ ಎಷ್ಟು ಗಂಟೆ, ಮೀರಿದರೆ ಗಂಟೆಗೆ ಎಷ್ಟು? ಗಣಂಗೂರಿನ ಟೋಲ್, ಪಾರ್ಕಿಂಗ್ ಇವು ಯಾವ ಗಾಡಿಯಲ್ಲಿ ಹೋದರೂ ಅಷ್ಟೇ ಇದ್ದರೆ ಎರಡೂ ಕಡೆಯಿಂದ ಬಿಟ್ಟುಬಿಡಿ, ಹೋಲಿಕೆಗೆ ಅವು ಬೇಡ.

ಈಗ ಮನೆ. ಇಲ್ಲಿ ಹಣವೂ ದೊಡ್ಡದು, ಲೆಕ್ಕವೂ ಸೂಕ್ಷ್ಮ. ತಮ್ಮನ ಮಗಳು ಮದುವೆಯಾದ ಮೇಲೆ ಗಂಡ ಹೆಂಡತಿ ಇಬ್ಬರಿಗೂ ಮೈಸೂರಿನ ಹೆಬ್ಬಾಳ ಕೈಗಾರಿಕಾ ಪ್ರದೇಶದಲ್ಲಿ ಕೆಲಸ. ವಿಜಯನಗರ ಎರಡನೇ ಹಂತದಲ್ಲಿ ಒಂದು ಮನೆ ನೋಡಿದರು. ಮಾಲೀಕರು ಎರಡಕ್ಕೂ ಸಿದ್ಧರಿದ್ದರು: 80,000 ಮುಂಗಡ ಕೊಟ್ಟು ತಿಂಗಳಿಗೆ 9,000 ಬಾಡಿಗೆ, ಇಲ್ಲವೇ 8 ಲಕ್ಷಕ್ಕೆ ಮೂರು ವರ್ಷದ ಭೋಗ್ಯ. ಭೋಗ್ಯವೆಂದರೆ ದೊಡ್ಡ ಮೊತ್ತವನ್ನು ಮಾಲೀಕರಿಗೆ ಕೊಟ್ಟು ತಿಂಗಳ ಬಾಡಿಗೆಯಿಲ್ಲದೆ ಇದ್ದು, ಮನೆ ಬಿಡುವಾಗ ಅಷ್ಟನ್ನೂ ಹಿಂದೆ ಪಡೆಯುವುದು. "ಅತ್ತೆ, ಭೋಗ್ಯಕ್ಕೆ ಬಾಡಿಗೆಯೇ ಇಲ್ಲವಲ್ಲ, ಇದರಲ್ಲಿ ಲೆಕ್ಕವೇನು?" ಎಂದಳು ಹುಡುಗಿ.

ಅಸಲು ಹಿಂದಕ್ಕೆ ಬರುತ್ತದೆ, ಆದ್ದರಿಂದ ಅದು ಖರ್ಚಲ್ಲ. ಆದರೆ ಅಷ್ಟು ದಿನ ಆ ಹಣ ಬೇರೆಯವರ ಕೈಯಲ್ಲಿರುತ್ತದಲ್ಲ, ಅದರ ಬಡ್ಡಿಯೇ ಭೋಗ್ಯದ ಬಾಡಿಗೆ. 80,000 ಎರಡೂ ದಾರಿಗೂ ಬೇಕು, ಅದನ್ನು ಎರಡೂ ಕಡೆಯಿಂದ ಬಿಡೋಣ. ಭೋಗ್ಯಕ್ಕೆ ಹೆಚ್ಚುವರಿಯಾಗಿ ಬೇಕಾದದ್ದು 7,20,000. ಇನ್ನು ಸ್ಥಿರ ಹಣ. ಬಾಡಿಗೆಯಾದರೆ ದಲ್ಲಾಳಿಗೆ ಒಂದು ತಿಂಗಳ ಬಾಡಿಗೆ, ಬಿಡುವಾಗ ಬಣ್ಣಕ್ಕೆಂದು ಹಿಡಿದುಕೊಳ್ಳುವ ಇನ್ನೊಂದು ತಿಂಗಳ ಬಾಡಿಗೆ, ಒಟ್ಟು 18,000. ಭೋಗ್ಯಕ್ಕೆ ದಲ್ಲಾಳಿ, ಪತ್ರ, ನೋಂದಣಿ, ಬಣ್ಣ ಎಲ್ಲ ಸೇರಿ 30,000 ಎಂದು ಅವರೇ ವಿಚಾರಿಸಿ ಬಂದರು. ತಿಂಗಳಿಗೆ ತ ಎಂದು ಬರೆದರೆ:

ಬಾಡಿಗೆ: ಖ = 9,000 ತ + 18,000
ಭೋಗ್ಯ: ಖ = (7,20,000ದ ತಿಂಗಳ ಬಡ್ಡಿ) ತ + 30,000

ಪೂರ್ತಿ ಹಣ ಕೈಯಲ್ಲೇ ಇದ್ದು, ಬ್ಯಾಂಕಿನ ಠೇವಣಿಯಲ್ಲಿ ವರ್ಷಕ್ಕೆ ಶೇ. 7 ಸಿಗುತ್ತಿತ್ತು ಎನ್ನಿ. ಕಳೆದುಕೊಳ್ಳುವ ಬಡ್ಡಿ ತಿಂಗಳಿಗೆ 4,200. ವ್ಯತ್ಯಾಸ 4,800. ಸ್ಥಿರ ಹಣಗಳ ವ್ಯತ್ಯಾಸವಾದ 12,000ವನ್ನು 4,800ರಿಂದ ಭಾಗಿಸಿದರೆ ಎರಡೂವರೆ ತಿಂಗಳು. ಅದಾದ ಮೇಲೆ ಭೋಗ್ಯವೇ ಅಗ್ಗ. ಪೂರ್ತಿ ಸಾಲ ತಂದರೆ? ಶೇ. 12ರ ಬಡ್ಡಿಗೆ ತಿಂಗಳಿಗೆ 7,200, ಬಿಂದು ಆರು ತಿಂಗಳು ಇಪ್ಪತ್ತು ದಿನಕ್ಕೆ ಹೋಗುತ್ತದೆ. ಶೇ. 14ಕ್ಕೆ 8,400, ಬಿಂದು ಇಪ್ಪತ್ತು ತಿಂಗಳಿಗೆ. ಶೇ. 14.5ಕ್ಕೆ 8,700, ಬಿಂದು ನಲವತ್ತು ತಿಂಗಳಿಗೆ. ಕರಾರು ಮೂವತ್ತಾರು ತಿಂಗಳಿಗೇ ಮುಗಿದುಹೋಗಿರುತ್ತದೆ. ಶೇ. 15ಕ್ಕೆ ಬಡ್ಡಿ ಸರಿಯಾಗಿ 9,000. ಎರಡು ಗೆರೆಗಳೂ ಸಮಾಂತರ, ಎಷ್ಟು ವರ್ಷ ಇದ್ದರೂ ಭೋಗ್ಯ 12,000 ಹೆಚ್ಚೇ.

ಈ ಸಂಖ್ಯೆಗಳನ್ನು ದಯವಿಟ್ಟು ಮತ್ತೊಮ್ಮೆ ನೋಡಿ. 12ರಿಂದ 14ಕ್ಕೆ ಬಡ್ಡಿ ಏರಿದಾಗ ಬಿಂದು ಹದಿಮೂರು ತಿಂಗಳು ಸರಿಯಿತು, ಆಮೇಲೆ ಬರೀ ಅರ್ಧ ಶೇಕಡಾ ಏರಿದ್ದಕ್ಕೆ ಇಪ್ಪತ್ತು ತಿಂಗಳು. ಗೆರೆಗಳು ಹೆಚ್ಚು ಕಡಿಮೆ ಸಮಾಂತರವಾಗಿ ಓಡುತ್ತಿದ್ದಾಗ ದರದಲ್ಲಿ ಕೂದಲೆಳೆಯ ವ್ಯತ್ಯಾಸವಾದರೂ ಅವು ದಾಟುವ ಜಾಗ ಎಲ್ಲಿಂದೆಲ್ಲಿಗೋ ಹೋಗುತ್ತದೆ. ಹಾಗಾಗಿ ಉತ್ತರ ಇಪ್ಪತ್ತು ತಿಂಗಳು ಎಂದು ಬಂದ ಕೂಡಲೇ ನಂಬಬೇಡಿ. ಬಡ್ಡಿಯನ್ನು ಅರ್ಧ ಶೇಕಡಾ ಮೇಲೆ, ಅರ್ಧ ಶೇಕಡಾ ಕೆಳಗೆ ಮಾಡಿ ಇನ್ನೆರಡು ಸಲ ಲೆಕ್ಕ ಹಾಕಿ. ಉತ್ತರ ತುಂಬಾ ಜಿಗಿಯುತ್ತಿದ್ದರೆ ಹಣದ ದೃಷ್ಟಿಯಿಂದ ಎರಡೂ ಒಂದೇ ಎಂದು ತಿಳಿದು, ಮನೆಯ ನೀರು, ಬೆಳಕು, ಮಾಲೀಕರ ಸ್ವಭಾವ ನೋಡಿ ತೀರ್ಮಾನಿಸಿ. ವರ್ಷಕ್ಕೊಮ್ಮೆ ಬಾಡಿಗೆ ಏರಿಸುವ ಮಾತಿದ್ದರೆ ಬಾಡಿಗೆಯ ಗೆರೆ ಹನ್ನೆರಡನೆಯ ತಿಂಗಳಲ್ಲಿ ಮೊಣಕಾಲು ಮಡಿಸಿ ಇನ್ನಷ್ಟು ಕಡಿದಾಗುತ್ತದೆ. ಆಗ ವರ್ಷ ವರ್ಷಕ್ಕೂ ಬೇರೆ ಸಮೀಕರಣ ಬರೆಯಬೇಕು.

ಈ ದಂಪತಿಯ ಬಳಿ ಮುಂಗಡದ ಹೊರತಾಗಿ 3 ಲಕ್ಷ ಸ್ವಂತದ್ದಿತ್ತು, ಉಳಿದ 4,20,000ಕ್ಕೆ ಶೇ. 14ರ ಸಾಲ. ಸ್ವಂತ ಹಣಕ್ಕೆ ಕಳೆದುಕೊಳ್ಳುವ ಬಡ್ಡಿ ತಿಂಗಳಿಗೆ 1,750, ಸಾಲದ ಬಡ್ಡಿ 4,900, ಒಟ್ಟು 6,650. ವ್ಯತ್ಯಾಸ 2,350. ಐದು ತಿಂಗಳಿಗೆ ಸ್ವಲ್ಪ ಮೇಲೆ ಸಮವಾಗುತ್ತದೆ. ಎರಡು ವರ್ಷವಾದರೂ ಇರುವುದು ಖಂಡಿತವಾಗಿದ್ದರಿಂದ ಭೋಗ್ಯದಲ್ಲಿ 44,400 ಉಳಿತಾಯ. ಸಾಲದ ಬಡ್ಡಿ ಶೇ. 15 ಆದರೂ ಬಿಂದು ಆರು ತಿಂಗಳನ್ನು ದಾಟುವುದಿಲ್ಲ. ಇಂಥ ಉತ್ತರವನ್ನು ನಂಬಬಹುದು.

ಸಮೀಕರಣಕ್ಕೆ ಹಿಡಿಯದ ವಿಷಯ ಒಂದಿದೆ: 8 ಲಕ್ಷ ಹಿಂದಕ್ಕೆ ಬರುತ್ತದೆಯೇ? ಭೋಗ್ಯಕ್ಕೆ ಹಣ ಕೊಡುವ ಮೊದಲು ಆ ಸ್ವತ್ತಿನ ಋಣಭಾರ ಪ್ರಮಾಣ ಪತ್ರ, ಅಂದರೆ ಅದರ ಮೇಲೆ ಸಾಲ, ಅಡಮಾನ ಇದೆಯೇ ಎಂದು ತೋರಿಸುವ ಇ.ಸಿ., ತೆಗೆಸಿ. ಉಪನೋಂದಣಿ ಕಚೇರಿಗೆ ಹೋಗದೆ ನೋಂದಣಿ ಇಲಾಖೆಯ ಕಾವೇರಿ ಜಾಲತಾಣದಲ್ಲೂ ಅರ್ಜಿ ಹಾಕಬಹುದು. ಒಂದು ವರ್ಷ ಮೀರಿದ ಕರಾರನ್ನು ನೋಂದಣಿ ಮಾಡಿಸಲೇಬೇಕು ಎಂದು ಕಾನೂನು ಹೇಳುತ್ತದೆ. ಬಾಡಿಗೆ ಕರಾರುಗಳನ್ನು ಹನ್ನೊಂದು ತಿಂಗಳಿಗೆ ಬರೆಯುವುದು ಅದಕ್ಕೇ. ಮೂರು ವರ್ಷದ ಭೋಗ್ಯವನ್ನು ಬರೀ ಛಾಪಾ ಕಾಗದದ ಮೇಲೆ ಮುಗಿಸೋಣ ಎಂದು ಯಾರಾದರೂ ಹೇಳಿದರೆ ಒಪ್ಪಬೇಡಿ, ಖರ್ಚು ಉಳಿಸುವ ಜಾಗ ಅದಲ್ಲ.

ವಿಜಯನಗರದ ಆ ಮನೆಯ ಮೇಲೆ ಸಾಲವಿರುವುದು ಪ್ರಮಾಣ ಪತ್ರದಲ್ಲಿ ಕಂಡಿತು, ಅದನ್ನು ಕೈಬಿಟ್ಟರು. ಹೂಟಗಳ್ಳಿಯಲ್ಲಿ ಇನ್ನೊಂದು ಸಿಕ್ಕಿತು: 9,500 ಬಾಡಿಗೆಗೆ ಒಂದು ಲಕ್ಷ ಮುಂಗಡ, ಅಥವಾ ಎಂಟೂವರೆ ಲಕ್ಷ ಭೋಗ್ಯ. ಈ ಸಲ ಹುಡುಗಿಯೇ ಹಾಳೆ ಹಿಡಿದಳು. ಹೆಚ್ಚುವರಿ ಏಳೂವರೆ ಲಕ್ಷ, ಸ್ವಂತ 3 ಲಕ್ಷಕ್ಕೆ 1,750, ಸಾಲದ 4,50,000ಕ್ಕೆ 5,250, ಒಟ್ಟು 7,000. ತಿಂಗಳ ವ್ಯತ್ಯಾಸ 2,500, ಸ್ಥಿರ ಹಣದ ವ್ಯತ್ಯಾಸ 12,500. ಸರಿಯಾಗಿ ಐದು ತಿಂಗಳು. ಋಣಭಾರ ಪತ್ರದಲ್ಲಿ ಯಾವ ಸಾಲವೂ ಇರಲಿಲ್ಲ, ಕರಾರನ್ನು ನೋಂದಣಿ ಮಾಡಿಸಿ ಭೋಗ್ಯಕ್ಕೇ ಹೋದರು.